ಮರಿಯಾ ಕಾಫಿ ಮಾಡುವಷ್ಟು ಹೊತ್ತು

ಧಾರಾವಾಹಿ ಎಡಿಟಿಂಗ್ ನನ್ನ ಕೆಲಸ. ಯಾರೋ ಒಂದು ಮಾತಾಡಿದರೆ ಮನೆಮಂದಿಯೆಲ್ಲ ಬೆಚ್ಚಿಬೀಳುವುದನ್ನು ಒಂದೊಂದೇ ಮುಖ ತೋರಿಸುತ್ತಾ ಎಷ್ಟು ಬೇಕಾದರೂ ಎಳೆಯುತ್ತೇವೆ. ಅದೇ ಮನೆಯಲ್ಲಿ ಯಾರಾದರೂ ಕಾಫಿ ಮಾಡುತ್ತಿದ್ದರೆ, ಲೋಟ ಕೈಗೆ ಬಂದ ಶಾಟ್‌ಗೆ ಹಾರಿಬಿಡುತ್ತೇವೆ. ಇಟಲಿಯ ನಿರ್ದೇಶಕ ವಿಟ್ಟೋರಿಯೊ ಡಿ ಸಿಕಾ ಅವರ ಸಿನಿಮಾ ‘ಉಂಬೆರ್ತೊ ಡಿ.’ (1952) ನನ್ನನ್ನು ಇಷ್ಟು ಕಾಡುವುದು ಅದಕ್ಕೇ.

ರೋಮ್‌ನಲ್ಲಿ ಬಾಡಿಗೆ ಕಟ್ಟಲಾಗದ ನಿವೃತ್ತ ಸರ್ಕಾರಿ ನೌಕರ, ಅವನ ನಾಯಿ. ಕತೆ ಇವರದು. ನಡುವೆ ಒಂದು ಬೆಳಗ್ಗೆ ಮನೆಗೆಲಸದ ಹುಡುಗಿ ಮರಿಯಾ ಎದ್ದು ಅಡುಗೆಮನೆಗೆ ಬರುತ್ತಾಳೆ. ಕಡ್ಡಿ ಗೀರಿ ಒಲೆ ಹಚ್ಚುತ್ತಾಳೆ. ಇರುವೆ ಓಡಿಸುತ್ತಾಳೆ. ಕೂತು ಕಾಫಿ ಬೀಜ ಪುಡಿ ಮಾಡುತ್ತಾ, ಏಳದೆ ಕಾಲು ಚಾಚಿ ಬೆರಳ ತುದಿಯಿಂದ ಬಾಗಿಲು ನೂಕುತ್ತಾಳೆ. ಮದುವೆಯಾಗಿಲ್ಲ, ಬಸುರಿ. ಕಣ್ಣು ತುಂಬಿ ಬರುತ್ತದೆ, ಕೈ ಮಾತ್ರ ಕೆಲಸ ಬಿಡುವುದಿಲ್ಲ.

ಆ ಕಾಲು ಚಾಚುವ ಶಾಟ್ ತೆಗೆದರೂ ಕತೆಗೆ ಏನೂ ಆಗುವುದಿಲ್ಲ. ಆದರೆ ಅವಳ ಸುಸ್ತು ನನಗೆ ಗೊತ್ತಾಗಿದ್ದು ಅಲ್ಲೇ. ಏನೂ ಘಟಿಸದ ಮನುಷ್ಯನ ಬದುಕಿನ 90 ನಿಮಿಷಗಳನ್ನು ಸಿನಿಮಾ ಮಾಡಬೇಕು ಎನ್ನುವುದು ಇದನ್ನು ಬರೆದ ಚೆಸಾರೆ ಜವಾತ್ತಿನಿಯವರ ಆಸೆ. ಅದು ಈ ಕೆಲವು ನಿಮಿಷಗಳಲ್ಲಿ ಹೆಚ್ಚುಕಡಿಮೆ ಕೈಗೂಡಿದೆ. (ಬೇರೆ ಕಡೆ ಸಂಗೀತ ಜಾಸ್ತಿಯಾಯಿತು ಅನಿಸುತ್ತದೆ.) ಆಗ ಸರ್ಕಾರದಲ್ಲಿದ್ದ ಜೂಲಿಯೊ ಆಂದ್ರೆಯೊಟ್ಟಿ ಈ ಸಿನಿಮಾ ದೇಶದ ಹೆಸರು ಕೆಡಿಸುತ್ತದೆ ಎಂದು ಬಹಿರಂಗವಾಗಿ ಟೀಕಿಸಿದರು. ಜನವೂ ಥಿಯೇಟರಿಗೆ ಬರಲಿಲ್ಲ.

ಈ ಸಿನಿಮಾ ಸೇರುವುದು ಎರಡನೇ ಮಹಾಯುದ್ಧದ ಹೊತ್ತಿಗೆ ಇಟಲಿಯಲ್ಲಿ ಹುಟ್ಟಿದ ನಿಯೋರಿಯಲಿಸಂ (ನವ ವಾಸ್ತವವಾದ) ಎಂಬ ಸಿನಿಮಾ ಚಳವಳಿಗೆ. ಅದು ಅಂದರೆ ಬಡತನ, ಬೀದಿಯಲ್ಲಿ ಶೂಟಿಂಗ್, ನಟರಲ್ಲದ ನಟರು ಅಂತ ಸಾಮಾನ್ಯವಾಗಿ ಹೇಳುತ್ತಾರೆ. ಸುಳ್ಳಲ್ಲ. ಉಂಬೆರ್ತೊ ಪಾತ್ರ ಮಾಡಿದ ಕಾರ್ಲೊ ಬಾತ್ತಿಸ್ತಿ ಭಾಷಾಶಾಸ್ತ್ರದ ಪ್ರೊಫೆಸರ್. ಮರಿಯಾ ಆದ ಹುಡುಗಿಗೂ ಇದೇ ಮೊದಲ ಸಿನಿಮಾ. 1950ರಲ್ಲಿ ಲಂಡನ್‌ನಲ್ಲಿ ಡಿ ಸಿಕಾ ಅವರ ‘ಬೈಸಿಕಲ್ ಥೀವ್ಸ್’ ನೋಡಿದ ಸತ್ಯಜಿತ್ ರಾಯ್ ಅವರಿಗೆ ಧೈರ್ಯ ಕೊಟ್ಟಿದ್ದೂ ಇದೇ ದಾರಿ. ಆದರೆ ಬೀದಿಯಲ್ಲಿ ಕ್ಯಾಮೆರಾ ಇಡುವುದನ್ನು ಯಾರು ಬೇಕಾದರೂ ಕಲಿಯಬಹುದು. ಒಬ್ಬರ ಕೆಲಸ ಮುಗಿಯುವ ತನಕ ಕಾಯುವುದು ಕಷ್ಟ. ನನ್ನ ಪ್ರಕಾರ ಇಟಲಿಯವರು ಬಿಟ್ಟುಹೋದ ದೊಡ್ಡ ಆಸ್ತಿ ಆ ಕಾಯುವಿಕೆಯೇ.

ಮಂಡ್ಯದ ಹಳ್ಳಿಯವರೇ ನಟಿಸಿದ ‘ತಿಥಿ’ ನೋಡುವಾಗ ನನಗೆ ಮರಿಯಾ ನೆನಪಾದಳು. ಗಡ್ಡಪ್ಪ ಸುಮ್ನೆ ನಡೆಯುತ್ತಾನೆ, ಕುಡಿಯುತ್ತಾನೆ, ಮತ್ತೆ ನಡೆಯುತ್ತಾನೆ. ಅವನ ಆಸ್ತಿಗಾಗಿ ಮಗ ಪಡುವ ಪರದಾಟಕ್ಕಿಂತ ಆ ನಡಿಗೆಯೇ ನನಗೆ ಜಾಸ್ತಿ ಇಷ್ಟ. ಅದನ್ನು ಕತ್ತರಿಸದೆ ಬಿಟ್ಟ ಎಡಿಟಿಂಗ್ ಟೇಬಲ್ಲಿನ ಮೇಲೆ ನನಗೆ ತುಂಬ ಗೌರವ.