ಅಜ್ಜಿಯ ಬೂಟು

ಗ್ರೀಸಿನ ಕಾರ್ಪಾಥೋಸ್ ದ್ವೀಪದ ಒಲಿಂಪೋಸ್ ಊರಲ್ಲಿದೀನಿ. ಬೆಳಿಗ್ಗೆ ಓಣಿಯ ಸೌದೆ ಒಲೆಯಿಂದ ಅಜ್ಜಿಯೊಬ್ರು ಬ್ರೆಡ್ ತೆಗೀತಿದ್ರು. ಕಸೂತಿ ಉಡುಪು, ತಲೆಗೆ ಕಪ್ಪು ವಸ್ತ್ರ. ನನ್ನ ಕಣ್ಣು ಮಾತ್ರ ಆ ಚರ್ಮದ ಬೂಟಿನ ಮೇಲೆ.

ಹಿಮ್ಮಡಿ ಸವೆದಿದೆ. ತುದಿಗೆ ಹಿಟ್ಟು ಮೆತ್ತಿದೆ. ಫೋಟೋಗೆ ಹಾಕ್ಕೊಂಡ ವೇಷ ಅಲ್ಲ ಬಿಡಿ.

ಇಲ್ಲಿ ತಾಯಿಯ ಆಸ್ತಿ ಹಿರಿಮಗಳಿಗೆ ಹೋಗೋದು ಹಳೇ ಪದ್ಧತಿ. ಎಷ್ಟೋ ಗಂಡಸರು ದುಡಿಮೆಗೆ ಅಂತ ಗ್ರೀಸಿನದೇ ಬಂದರು ಪಿರೇಯಸ್, ಅಮೆರಿಕದ ಬಾಲ್ಟಿಮೋರ್ ಸೇರಿದ್ರು. ಮನೆ, ಹೊಲ, ಒಲೆ ಹೆಂಗಸರ ಕೈಲಿ ಉಳೀತು.

ಪಕ್ಕದಲ್ಲಿ ಮೊಮ್ಮಗಳು, ಜೀನ್ಸು, ಕೈಲಿ ಫೋನು.
"ನೀನೂ ಈ ಬೂಟು ಹಾಕ್ತೀಯಾ?"
"ಹಬ್ಬಕ್ಕೆ."

ಅಜ್ಜಿಗೆ ಏನರ್ಥ ಆಯ್ತೋ. ನನ್ನ ಸ್ಪೋರ್ಟ್ಸ್ ಶೂ ನೋಡಿ ನಕ್ಕು, ಬಿಸಿ ಬ್ರೆಡ್ ಮುರಿದು ಕೈಗಿಟ್ರು. ಬೆರಳು ಸುಟ್ಟಿತು.