ಗಲ್ಲಾ ಮೇಜು ಅರ್ಧ ಅಡಿ ಸರಿದಿತ್ತು

ಮುಂಬೈಯ ಕನ್ನಡ ನಾಟಕ ತಂಡಗಳಿಗೆ 18 ವರ್ಷಗಳಿಂದ ರಂಗಸಜ್ಜಿಕೆ ಮಾಡಿಕೊಡುತ್ತಿದ್ದೇನೆ. ಕಳೆದ ವರ್ಷ ಮಾಟುಂಗದ ಉಡುಪಿ ಹೋಟೆಲೊಂದರಲ್ಲಿ ನಡೆಯುವ ಕಥೆಯನ್ನು ನಾಟಕ ಮಾಡಿದೆವು. ಗಲ್ಲಾದಲ್ಲಿ ಕೂರುವ ಯಜಮಾನಿಯ ಪಾತ್ರಕ್ಕೆ ಡೊಂಬಿವಲಿಯಿಂದ ಒಬ್ಬ ಅಕ್ಕ ಬಂದರು. ಅವರಿಗೆ ಹುಟ್ಟಿನಿಂದಲೇ ಕಣ್ಣು ಕಾಣುವುದಿಲ್ಲ.

ಯಜಮಾನಿಯನ್ನೂ ಕಣ್ಣು ಕಾಣದವಳಾಗಿ ಬದಲಾಯಿಸೋಣವಾ ಎಂದು ತಂಡದಲ್ಲಿ ಒಬ್ಬರು ಕೇಳಿದರು. "ಅವಳು ಜಿಪುಣಿ, ಜಗಳಗಂಟಿ, ಮಗ ಅಂದ್ರೆ ಪ್ರಾಣ. ನಂಗೆ ಅದನ್ನ ಮಾಡೋಕೆ ಬಿಡಿ. ಅಯ್ಯೋ ಪಾಪ ಅನ್ನಿಸೋ ಪಾತ್ರ ಮಾಡಿ ಮಾಡಿ ಸಾಕಾಗಿದೆ" ಎಂದರು ಅಕ್ಕ. ಒಂದು ಸಾಲೂ ಬದಲಾಗಲಿಲ್ಲ.

ಕಣ್ಣು ಕಾಣದ ಕಲಾವಿದರ ಜೊತೆ ಕೆಲಸ ನನಗೆ ಹೊಸದು, ಕನ್ನಡ ರಂಗಭೂಮಿಗಲ್ಲ. ಗದಗದ ಪುಟ್ಟರಾಜ ಗವಾಯಿಗಳು ತಾವೇ ನಾಟಕ ಬರೆದವರು, ನಾಟಕ ಕಂಪನಿ ನಡೆಸಿದವರು. ಅವರಿಗೂ ಕಣ್ಣು ಕಾಣುತ್ತಿರಲಿಲ್ಲ.

ಯಾರು ಎಲ್ಲಿ ನಿಲ್ಲಬೇಕು ಅಂತ ನಾವು ನೆಲಕ್ಕೆ ಬಿಳಿ ಟೇಪ್ ಹಚ್ಚುತ್ತೇವೆ. ಅಕ್ಕನಿಗೆ ಅದರಿಂದ ಏನು ಉಪಯೋಗ? ಕೈಹಿಡಿದು ಕರೆತರಲು ಒಬ್ಬ ಹುಡುಗನನ್ನು ಇಟ್ಟೆ. "ಕೈ ಬೇಡ ಅಣ್ಣ, ಕಾಲಿಗೆ ಗುರುತು ಕೊಡಿ" ಎಂದರು. ಟೇಪಿನ ಅಡಿಯಲ್ಲಿ ಸಣ್ಣ ಹಗ್ಗ ಇಟ್ಟೆವು. ರಂಗದ ಪಕ್ಕದ ಮರೆ, ಅಂದರೆ ಸೈಡ್ ವಿಂಗಿನಿಂದ ಗಲ್ಲಾಕ್ಕೆ ಏಳು ಹೆಜ್ಜೆ. ಎರಡನೇ ದಿನಕ್ಕೆ ಅಕ್ಕ ನನಗಿಂತ ಚುರುಕಾಗಿ ಓಡಾಡುತ್ತಿದ್ದರು.

ನಾಟಕದ ನೋಟುಗಳನ್ನು ನಾನು ಒಂದೇ ಅಳತೆಗೆ ಕತ್ತರಿಸಿದ್ದೆ. ಅಕ್ಕ ಬೆರಳಾಡಿಸಿ, "ಇದರಲ್ಲಿ ನೂರು ಯಾವುದು, ಐನೂರು ಯಾವುದು?" ಎಂದರು. ಐನೂರರ ನೋಟು ಈಗಿನ ನೇರಳೆ ಬಣ್ಣದ ನೂರರ ನೋಟಿಗಿಂತ 8 ಮಿಲಿಮೀಟರ್ ಉದ್ದ. ಇಷ್ಟು ವರ್ಷ ದುಡ್ಡು ಎಣಿಸಿದರೂ ನನಗೆ ಗೊತ್ತಿರಲಿಲ್ಲ! ಮತ್ತೆ ಕತ್ತರಿಸಿಕೊಟ್ಟೆ. ಒಂದೊಂದೇ ನೋಟನ್ನು ಬೆರಳ ಸಂದಿಯಲ್ಲಿ ಅಳೆದು, ತುದಿ ಸವರಿ, ಮನಸ್ಸಿಲ್ಲದ ಮನಸ್ಸಿನಿಂದ ಚಿಲ್ಲರೆ ಕೊಡುತ್ತಿದ್ದರು. ಯಜಮಾನಿಯ ಜಿಪುಣತನ ಅಲ್ಲೇ ಕಾಣುತ್ತಿತ್ತು. ನಿರ್ದೇಶಕರು ಆ ದೃಶ್ಯವನ್ನು ಇನ್ನಷ್ಟು ಬೆಳೆಸಿದರು.

ಪ್ರದರ್ಶನದ ದಿನ ತಪ್ಪು ಮಾಡಿದ್ದು ನಾನೇ. ಬೆಳಕು ಸರಿಯಾಗಿ ಬೀಳಲಿ ಅಂತ ಗಲ್ಲಾ ಮೇಜನ್ನು ಅರ್ಧ ಅಡಿ ಮುಂದಕ್ಕೆ ಎಳೆದೆ. ಉಳಿದವರೆಲ್ಲ ನೋಡಿಕೊಂಡರು. ಅಕ್ಕನಿಗೆ ಯಾರೂ ಹೇಳಲಿಲ್ಲ. ಆರನೇ ಹೆಜ್ಜೆಗೇ ಮೇಜಿನ ಮೂಲೆ ಮೊಣಕಾಲಿಗೆ ಬಡಿಯಿತು. ಆ ಸದ್ದು ನನಗೆ ಕೇಳಿಸಿತು. ಅಕ್ಕ ಮೇಜಿನ ಮೇಲೆ ಕೈಯಿಟ್ಟು, ಉಸಿರು ಬಿಗಿಹಿಡಿದು ಮಾತು ಶುರು ಮಾಡಿದರು. ಪರದೆ ಬಿದ್ದ ಮೇಲೆ ನೋಡಿದರೆ ಕಾಲು ಊದಿತ್ತು. "ಒಂದು ಮಾತು ಹೇಳಿದ್ರೆ ಸಾಕಿತ್ತಲ್ಲ ಅಣ್ಣ" ಎಂದರು, ಅಷ್ಟೇ. ಆ ರಾತ್ರಿ ನನಗೆ ನಿದ್ದೆ ಬರಲಿಲ್ಲ. ನೋಡಿದರೆ ಗೊತ್ತಾಗುತ್ತೆ ಅಂದುಕೊಂಡೇ 18 ವರ್ಷ ಕೆಲಸ ಮಾಡಿದ್ದೆ, ಅಲ್ವಾ?

2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯ 29ನೇ ಸೆಕ್ಷನ್ ಅಂಗವಿಕಲ ಕಲಾವಿದರಿಗೆ ಸೌಲಭ್ಯ, ಬೆಂಬಲ ಕೊಡುವ ಬಗ್ಗೆ ಹೇಳುತ್ತದೆ. ನಮಗೆ ಖರ್ಚಾಗಿದ್ದು ಒಂದು ಉಂಡೆ ಹಗ್ಗ.

ಈಗ ನಾಟಕದ ಮೊದಲ ಗಂಟೆ ಬಾರಿಸುವ ಮುಂಚೆ ಎಲ್ಲರನ್ನೂ ರಂಗದ ಮೇಲೆ ಕರೆಯುತ್ತೇನೆ. ಸರಿದಿದ್ದು, ಎತ್ತಿದ್ದು, ಹೊಸದಾಗಿ ಬಂದಿದ್ದು, ಎಲ್ಲವನ್ನೂ ಗಟ್ಟಿಯಾಗಿ ಹೇಳುತ್ತೇನೆ. ವಾಶಿಯ ಪ್ರದರ್ಶನಕ್ಕೆ ಸಿಕ್ಕ ರಂಗ ಚಿಕ್ಕದು. ಅಕ್ಕ ವಿಂಗಿನಿಂದ ನಡೆದು ಬಂದು ಮೇಜು ಮುಟ್ಟಿ, "ಐದೂವರೆ ಹೆಜ್ಜೆ, ಬರ್ಕೊಳ್ಳಿ" ಎಂದರು. ಬರೆದುಕೊಂಡೆ.