ತಪ್ಪು ಬೆಂಚಿನಲ್ಲಿ ಕೂತ ಹುಡುಗ

ಮಗಳು ಅಮೆರಿಕದ ಆ್ಯನ್ ಆರ್ಬರ್‌ನ ಮಿಷಿಗನ್ ವಿಶ್ವವಿದ್ಯಾಲಯದಲ್ಲಿ ಓದುತ್ತಿದ್ದಾಳೆ. ಅವಳನ್ನು ನೋಡಲು ಹೋಗಿದ್ದಾಗ ಒಂದು ಶನಿವಾರ, "ಅಪ್ಪ, ಇವತ್ತು ಫುಟ್‌ಬಾಲ್ ಮ್ಯಾಚು. ನಿಮಗೂ ಟಿಕೆಟ್ ತಗೊಂಡಿದೀನಿ" ಅಂದಳು. ನಾನೂ ಕಾಲೇಜಿನಲ್ಲಿ ಫುಟ್‌ಬಾಲ್ ಆಡಿದವನೇ. ಗೋಲ್‌ಕೀಪರ್. ಆ ಕತೆ ಆಮೇಲೆ.

ಅವಳಿಗೆಂದು ತಂದ ಚಕ್ಕುಲಿಯಲ್ಲಿ ನಾಲ್ಕನ್ನು ಜೇಬಿಗೆ ಹಾಕಿಕೊಂಡು ಹೊರಟೆ. ಬ್ಯಾಗ್ ಒಳಗೆ ಬಿಡಲ್ಲವಂತೆ. ಸ್ಟೇಡಿಯಂ ಹೊರಗಿನಿಂದ ಅಂಥಾ ದೊಡ್ಡದು ಅನ್ನಿಸಲಿಲ್ಲ. ಒಳಗೆ ಕಾಲಿಟ್ಟೆ ನೋಡಿ, ನೆಲ ಕೆಳಗೆ ಇಳಿಯುತ್ತಾ ಹೋಯಿತು. ನಮ್ಮ ಕಲ್ಯಾಣಿಯ ಹಾಗೆ ಸುತ್ತಲೂ ಮೆಟ್ಟಿಲು, ತಳದಲ್ಲಿ ನೀರಿನ ಬದಲು ಹಸಿರು ಮೈದಾನ. 1927ರಲ್ಲಿ ಕಟ್ಟಿದ್ದು. ಈಗ ಒಂದು ಲಕ್ಷಕ್ಕೂ ಜಾಸ್ತಿ ಜನ ಕೂರಬಹುದು. ಕಾಲೇಜು ಹುಡುಗರ ಆಟಕ್ಕೆ!

ಆಟ ಮಾತ್ರ ನನ್ನ ತಲೆಗೆ ಹತ್ತಲಿಲ್ಲ. ಹೆಸರು ಫುಟ್‌ಬಾಲ್, ಚೆಂಡು ಇರೋದು ಕಂಕುಳಲ್ಲಿ. ಒಬ್ಬ ಓಡುತ್ತಾನೆ, ನಾಲ್ಕು ಜನ ಮೇಲೆ ಬೀಳುತ್ತಾರೆ, ಸೀಟಿ. ಕಬಡ್ಡಿ ಅಂದುಕೊಂಡು ನೋಡಿದ ಮೇಲೆ ಸ್ವಲ್ಪ ಹಿಡಿತಕ್ಕೆ ಬಂತು. ಪಕ್ಕದ ಸೀಟಿನಲ್ಲಿದ್ದ ಅಜ್ಜನಿಗೆ ನನ್ನ ಅವಸ್ಥೆ ಅರ್ಥವಾಯಿತು ಅನ್ನಿಸುತ್ತೆ. ಒಂದು ಚಕ್ಕುಲಿ ತೆಗೆದುಕೊಂಡು, "ನಿಮಗೆ 1901ರ ಟೀಮ್ ಬಗ್ಗೆ ಗೊತ್ತಾ?" ಅಂತ ಶುರು ಮಾಡಿದರು. ನಿನ್ನೆ ನಡೆದದ್ದನ್ನು ಹೇಳುವವರ ಹಾಗೆ.

ಆ ವರ್ಷ ಮಿಷಿಗನ್‌ಗೆ ಫೀಲ್ಡಿಂಗ್ ಯೋಸ್ಟ್ ಎಂಬ ಕೋಚ್ ಹೊಸದಾಗಿ ಬಂದಿದ್ದ. ಹಿಂದಿನ ವರ್ಷ ಸ್ಟ್ಯಾನ್‌ಫರ್ಡ್‌ನಲ್ಲಿದ್ದವನು. ಅಲ್ಲಿ ಹಳೆಯ ವಿದ್ಯಾರ್ಥಿಗಳೇ ಕೋಚ್ ಆಗಬೇಕು ಅಂತ ನಿಯಮ ಬಂದು ಇವನ ಕೆಲಸ ಹೋಯಿತು. ಅಡ್ಡಹೆಸರು 'ಹರ್ರಿ ಅಪ್'. ಬಿದ್ದವರು ಏಳುವ ಮೊದಲೇ ಮುಂದಿನ ಆಟಕ್ಕೆ ಸಾಲಾಗಿ ನಿಲ್ಲಿ ಅಂತ ಹುಡುಗರ ಹಿಂದೆ ಬೀಳುತ್ತಿದ್ದನಂತೆ. ಆಗ ಚೆಂಡನ್ನು ಮುಂದಕ್ಕೆ ಎಸೆಯುವ ಹಾಗೇ ಇರಲಿಲ್ಲ. ಹಾಗೆ ಎಸೆಯಬಹುದು ಅನ್ನುವ ನಿಯಮ ಬಂದದ್ದು 1906ರಲ್ಲಿ. ಮೂರು ಸಲದಲ್ಲಿ ಐದು ಗಜ ಮುಂದೆ ಹೋಗಬೇಕು, ಅಷ್ಟೇ. ಸುಮ್ನೆ ನುಗ್ಗೋದು, ಗುದ್ದೋದು, ಎಳೆಯೋದು. ಎದುರಾಳಿಯ ಕೊನೆಯ ಗೆರೆ ದಾಟಿದರೆ ಐದು ಪಾಯಿಂಟ್.

ಅಜ್ಜ ಬೆರಳು ಮಡಚುತ್ತಾ ಲೆಕ್ಕ ಕೊಟ್ಟರು. ಆಲ್ಬಿಯನ್ ಕಾಲೇಜಿನ ಮೇಲೆ 50, ಕೇಸ್ ಕಾಲೇಜಿನ ಮೇಲೆ 57, ಬೆಲಾಯ್ಟ್ ಕಾಲೇಜಿನ ಮೇಲೆ 89. ಒಟ್ಟು 11 ಪಂದ್ಯ, 550 ಪಾಯಿಂಟ್. ಎದುರಾಳಿಗಳೆಲ್ಲ ಸೇರಿ ಹೊಡೆದದ್ದು ಎಷ್ಟು? ಅಜ್ಜ ಬೆರಳುಗಳನ್ನು ದುಂಡಗೆ ಮಾಡಿ ತೋರಿಸಿದರು. ಸೊನ್ನೆ.

ಕೊನೆಯದು 1902ರ ಜನವರಿ 1ರಂದು, ಕ್ಯಾಲಿಫೋರ್ನಿಯಾದ ಪ್ಯಾಸಡೀನಾದಲ್ಲಿ, ಹೊಸ ವರ್ಷದ ಗುಲಾಬಿ ಹಬ್ಬದಲ್ಲಿ. ಎದುರಿಗೆ ಅದೇ ಸ್ಟ್ಯಾನ್‌ಫರ್ಡ್! ನೀಲ್ ಸ್ನೋ ಒಬ್ಬನೇ ಐದು ಸಲ ಗೆರೆ ದಾಟಿದ. 49-0 ಆದಾಗ ಇನ್ನೂ ಎಂಟು ನಿಮಿಷ ಉಳಿದಿತ್ತು. ಸ್ಟ್ಯಾನ್‌ಫರ್ಡ್ ಕ್ಯಾಪ್ಟನ್ ಬಂದು ಇಲ್ಲಿಗೇ ಸಾಕು ಮಾಡೋಣ ಅಂದ. ನಡೆಸಿದವರಿಗೂ ಸಾಕಾಗಿತ್ತು ಅಂತ ಕಾಣುತ್ತೆ. ಆ ಹಬ್ಬಕ್ಕೆ ಫುಟ್‌ಬಾಲ್ ಮತ್ತೆ ಬಂದದ್ದು 1916ಕ್ಕೆ. ನಡುವೆ ಹಲವು ವರ್ಷ ರಥದ ಓಟ ಇಟ್ಟಿದ್ದರು.

ಆದರೆ ನನ್ನ ಮನಸ್ಸು ಸಿಕ್ಕಿಹಾಕಿಕೊಂಡದ್ದು ಬಫಲೋ ಪಂದ್ಯದಲ್ಲಿ. ನ್ಯೂಯಾರ್ಕ್ ರಾಜ್ಯದಿಂದ ಬಂದ ಹುಡುಗರು. 128-0. ಆ ದಿನದ ಒಂದು ಕತೆ ಈಗಲೂ ಓಡಾಡುತ್ತಿದೆಯಂತೆ. ನಿಜವೋ ಸುಳ್ಳೋ. ಆಟದ ನಡುವೆ ಯೋಸ್ಟ್ ತಿರುಗಿ ನೋಡಿದರೆ, ತನ್ನ ಟೀಮಿನ ಬೆಂಚಿನಲ್ಲಿ ಬಫಲೋ ಹುಡುಗನೊಬ್ಬ ಕಂಬಳಿ ಹೊದ್ದು ಕೂತಿದ್ದಾನೆ. ತಪ್ಪು ಕಡೆ ಬಂದಿದ್ದೀಯಲ್ಲಪ್ಪ ಅಂದರೆ, ಇಲ್ಲ, ಸರಿಯಾದ ಕಡೆಗೇ ಬಂದಿದೀನಿ ಅಂದನಂತೆ.

ಅಜ್ಜ ನಕ್ಕರು, ಮಗಳು ನಕ್ಕಳು. ನಾನೂ ನಕ್ಕೆ, ಆದರೆ ಸ್ವಲ್ಪ ತಡವಾಗಿ.

ನಾನು ಗೋಲ್ ಕಾಯುತ್ತಿದ್ದ ಕಾಲದಲ್ಲಿ ಅಂತರ ಕಾಲೇಜು ಪಂದ್ಯವೊಂದರಲ್ಲಿ ಒಂಬತ್ತು ಗೋಲು ತಿಂದಿದ್ದೆ. ನಮ್ಮ ಕಡೆ ಆಗಲೂ ಸೊನ್ನೆ. ಗೋಲಿಗೆ ಬಲೆ ಇರಲಿಲ್ಲ, ಹಿಂದೆ ಹೊಂಗೆ ಮರಗಳ ಸಾಲು, ಕೆಳಗೆ ಲಂಟಾನ ಪೊದೆ. ಗೋಲಾದಾಗಲೆಲ್ಲ ಚೆಂಡು ಹೆಕ್ಕಿ ತರುವವನೂ ನಾನೇ. ಆರನೇ ಗೋಲಿಗೆ ಚೆಂಡು ಪೊದೆಯೊಳಗೆ ಹೋಯಿತು. ನಾನೂ ಹೋದೆ. ಚೆಂಡು ಕಾಲ ಹತ್ತಿರವೇ ಇತ್ತು. ಆದರೂ ಹುಡುಕಿದೆ. ರೆಫರಿ ಸೀಟಿ ಊದಿದರು, ಕ್ಯಾಪ್ಟನ್ ಹೆಸರು ಹಿಡಿದು ಕೂಗಿದ. ಪೊದೆಯೊಳಗೆ ಎಷ್ಟು ತಂಪಾಗಿತ್ತು ಗೊತ್ತಾ? ಇಷ್ಟು ವರ್ಷ ಮನೆಯಲ್ಲಿ ಯಾರಿಗೂ ಹೇಳಿರಲಿಲ್ಲ. ಅವತ್ತು ಹೇಳಿಬಿಟ್ಟೆ. ಮಗಳು ಅಜ್ಜನಿಗೆ ಇಂಗ್ಲಿಷಿನಲ್ಲಿ ವಿವರಿಸಿದಳು. ಲಂಟಾನ ಅಂದರೇನು ಅಂತ ತಿಳಿಸೋದಕ್ಕೇ ಐದು ನಿಮಿಷ ಹಿಡಿಯಿತು.

ಮಿಷಿಗನ್ ಆರಾಮಾಗಿ ಗೆದ್ದಿತು. ಜನ ಎದ್ದು ನಿಂತು ಕೂಗುತ್ತಿದ್ದಾಗ ನಾನು ಫೋನ್ ತೆಗೆದು ಎರಡು ಫೋಟೋ ಹೊಡೆದೆ. ರಾತ್ರಿ ಅನ್ನ, ಸಾರು ಊಟ ಮಾಡುತ್ತಾ ಮಗಳು ಅವನ್ನು ದೊಡ್ಡದು ಮಾಡಿ ನೋಡಿದಳು.

"ಅಪ್ಪ, ಇದರಲ್ಲಿ ನಮ್ಮವರು ಯಾರೂ ಇಲ್ಲ. ಯಾರಿದು, ತಲೆ ಮೇಲೆ ಟವೆಲ್ ಹಾಕ್ಕೊಂಡು ಕೂತಿರೋನು?"

"ಆ ಕಡೆ ಟೀಮಿನ ಹುಡುಗ" ಅಂದೆ. "ಇನ್ನೊಂಚೂರು ಸಾರು ಹಾಕು."